ಅಟ್ಲಾಸ್ ಪತಂಗ: ಕುಲಕ್ಕೆ ರೆಕ್ಕೆ ಸಾಕು, ಪ್ರಭೇದಕ್ಕೆ ಸಾಲದು

ಪಶ್ಚಿಮ ಘಟ್ಟದಲ್ಲಿ ದೈತ್ಯ ಪತಂಗ ಕಂಡರೆ ಫೋಟೊದಡಿ 'ಅಟ್ಟಾಕಸ್ ಅಟ್ಲಾಸ್' ಎಂದು ಬರೆಯುವುದು ರೂಢಿಯಾಗಿಬಿಟ್ಟಿದೆ. ಆದರೆ ದಕ್ಷಿಣ ಭಾರತ ಮತ್ತು ಶ್ರೀಲಂಕಾದ್ದು ಅದೇ ಅಟ್ಟಾಕಸ್ ಕುಲದ ಬೇರೆ ಪ್ರಭೇದ, ಅಟ್ಟಾಕಸ್ ಟ್ಯಾಪ್ರೊಬ್ಯಾನಿಸ್. ಅಟ್ಲಾಸ್‌ನ ನೆಲೆ ಹಿಮಾಲಯದ ತಪ್ಪಲು, ಈಶಾನ್ಯ ಭಾರತ ಮತ್ತು ಅಲ್ಲಿಂದಾಚೆ ಆಗ್ನೇಯ ಏಷ್ಯಾ. ಅಂಡಮಾನಿನಲ್ಲಿ ಮ್ಯಾಕ್‌ಮುಲೆನಿ, ಫಿಲಿಪ್ಪೀನ್ಸ್‌ನಲ್ಲಿ ಲಾರ್ಕ್ವಿನಿ ಮತ್ತು ಸೀಸರ್, ಆಸ್ಟ್ರೇಲಿಯಾದ ಉತ್ತರದಲ್ಲಿ ವಾರ್ಡಿ. ಈ ಕುಲದಲ್ಲಿ ಮೊದಲು ಓದಬೇಕಾದ್ದು ಸಂಗ್ರಹದ ಪತಂಗಕ್ಕೆ ಚುಚ್ಚಿದ ಸೂಜಿಯಡಿಯ ಚೀಟಿಯಲ್ಲಿರುವ, ಅದು ಸಿಕ್ಕ ಊರಿನ ಹೆಸರು.

ಕುಲ ಗುರುತಿಸಲು ರೆಕ್ಕೆ ಸಾಕು. ಪ್ರತಿ ರೆಕ್ಕೆಯ ನಡುವೆ ಹುರುಪೆ, ಅಂದರೆ ಕೈಗೆ ಅಂಟುವ ಪುಡಿ, ಇಲ್ಲದ ಪಾರದರ್ಶಕ ಕಿಟಕಿ ಇರುತ್ತದೆ. ಅಟ್ಟಾಕಸ್‌ನಲ್ಲಿ ಅದು ತ್ರಿಕೋನ, ಎರಿ ರೇಷ್ಮೆಯ ಸಾಮಿಯಾ ಕುಲದಲ್ಲಿ ಅರ್ಧಚಂದ್ರ. ಹೊಟ್ಟೆ ಬಿಳಿಯಾಗಿದ್ದು ರೆಕ್ಕೆ ಕಡುಗಂದಾಗಿದ್ದರೆ ಅದು ಆರ್ಕಿಯೋಅಟ್ಟಾಕಸ್ ಎಡ್ವರ್ಡ್ಸಿ. ಹಿಂದೆ ಇದನ್ನೂ ಅಟ್ಟಾಕಸ್‌ನಲ್ಲೇ ಇಟ್ಟಿದ್ದರು.

ಪ್ರಭೇದದ ಪ್ರಶ್ನೆ ಬಂದಾಗ ಇದೇ ರೆಕ್ಕೆ ದಾರಿ ತಪ್ಪಿಸುತ್ತದೆ. ಮುಂದಿನ ರೆಕ್ಕೆಯ ದೊಡ್ಡ ಕಿಟಕಿಯ ಪಕ್ಕ ಇನ್ನೊಂದು ಪುಟ್ಟ ಕಿಟಕಿ ಒಂದೇ ಪ್ರಭೇದದಲ್ಲಿ ಒಮ್ಮೆ ಇರುತ್ತದೆ, ಒಮ್ಮೆ ಇರುವುದಿಲ್ಲ. ಹುಳು ಅರೆಹೊಟ್ಟೆಯಲ್ಲಿ ಬೆಳೆದರೆ ಪತಂಗವೂ ಗಿಡ್ಡ. 1989ರಲ್ಲಿ ಕೀಟತಜ್ಞ ರಿಚರ್ಡ್ ಪೈಗ್ಲರ್ ಈ ಕುಲವನ್ನು ಪೂರ್ತಿ ಪರಿಷ್ಕರಿಸಿದರು. ಆ ಮಟ್ಟದ ಕೆಲಸಕ್ಕೆ ಗಂಡಿನ ಜನನಾಂಗದ ರಚನೆ ನೋಡದೆ ಗತಿಯಿಲ್ಲ.

ಅದನ್ನು ನೋಡಲು ಒಣಗಿದ ಮಾದರಿಯ ಹೊಟ್ಟೆಯನ್ನು ಮೆಲ್ಲನೆ ಮೇಲಕ್ಕೊತ್ತಿ ಮುರಿದು 10% ಪೊಟ್ಯಾಸಿಯಂ ಹೈಡ್ರಾಕ್ಸೈಡ್ ಇರುವ ಕೊಳವೆಯಲ್ಲಿ ಹಾಕಿ. ತಣ್ಣಗೆ ಒಂದು ರಾತ್ರಿ ಬಿಡಬಹುದು, ಇಲ್ಲವೇ ಬಿಸಿನೀರಿನ ಪಾತ್ರೆಯಲ್ಲಿ ಆ ಕೊಳವೆ ಇಟ್ಟು ಆಗಾಗ ನೋಡುತ್ತಿರಬೇಕು. ಒಳಗಿನ ಕೊಬ್ಬು, ಸ್ನಾಯು ಕರಗಿ ಚರ್ಮ ಮೆತ್ತಗಾದೊಡನೆ ತೆಗೆಯಿರಿ. ತಡಮಾಡಿದರೆ ತೆಳುಪೊರೆಗಳು ಗಾಜಿನಷ್ಟು ಪಾರದರ್ಶಕವಾಗಿ ಅಂಚೇ ಕಾಣದು. ಆಗ ಕ್ಲೋರಾಝೋಲ್ ಬ್ಲ್ಯಾಕ್ ಬಣ್ಣ ಹಾಕಿ ಕಾಣುವಂತೆ ಮಾಡಬೇಕಾಗುತ್ತದೆ. ನೀರಿನಲ್ಲಿ ತೊಳೆದು, 70% ಆಲ್ಕೊಹಾಲ್‌ನಲ್ಲಿ ಮೆದು ಕುಂಚದಿಂದ ಹುರುಪೆ ಉಜ್ಜಿ ತೆಗೆದು, ಪಕ್ಕದ ಹಿಡಿಕೆಗಳಾದ ವಾಲ್ವಾಗಳನ್ನು ಬಿಡಿಸಿ, ಶಿಶ್ನನಾಳವನ್ನು ಬೇರ್ಪಡಿಸಿ. ಇಷ್ಟು ದೊಡ್ಡ ಭಾಗವನ್ನು ಸ್ಲೈಡ್ ಮೇಲೆ ಒತ್ತಿ ಚಪ್ಪಟೆ ಮಾಡುವುದು ನನ್ನ ಮಟ್ಟಿಗೆ ಕೆಟ್ಟ ಅಭ್ಯಾಸ. ವಾಲ್ವಾ ತಿರುಚಿಕೊಂಡು ಇಲ್ಲದ ವ್ಯತ್ಯಾಸ ಹುಟ್ಟುತ್ತದೆ. ಗ್ಲಿಸರಿನ್ ಇರುವ ಪುಟ್ಟ ಸೀಸೆಯಲ್ಲಿಟ್ಟು ಪತಂಗದ ಸೂಜಿಗೇ ಚುಚ್ಚಿ. ಹೊಟ್ಟೆ ಮುರಿಯುವ ಮೊದಲೇ ಪತಂಗಕ್ಕೂ ಸೀಸೆಗೂ ಒಂದೇ ಸಂಖ್ಯೆ ಕೊಡಿ, ಅದಲುಬದಲಾದರೆ ಮುಂದೆ ಸರಿಪಡಿಸಲಾಗದು.

ಡಿಎನ್‌ಎ ಪರೀಕ್ಷೆಗೆ ಪತಂಗದ ಒಂದು ಕಾಲು ಸಾಕು. ಪ್ರಭೇದ ಗುರುತಿಸಲು ಓದುವ 'ಬಾರ್‌ಕೋಡ್' ಎಂಬ ಡಿಎನ್‌ಎ ತುಣುಕು 658 ಅಕ್ಷರಗಳದು, ಮೈಟೊಕಾಂಡ್ರಿಯಾದಿಂದ ಬಂದದ್ದು, ತಾಯಿಯ ಕಡೆಯದು ಮಾತ್ರ. ಅಡ್ಡತಳಿಯ ತಂದೆಯನ್ನು ಅದು ಹೇಳದು.

ವೈಜ್ಞಾನಿಕ ಹೆಸರಿನ ಮುಂದೆ ಹೆಸರಿಟ್ಟವರನ್ನು ಬರೆಯುವಾಗ ಆವರಣ ಚಿಹ್ನೆ ಅಲಂಕಾರಕ್ಕಲ್ಲ, ಪ್ರಭೇದ ಮೊದಲು ಬೇರೆ ಕುಲದಲ್ಲಿತ್ತು ಎಂಬುದರ ಗುರುತು. ಲಿನೇಯಸ್ 1758ರಲ್ಲಿ ಅಟ್ಲಾಸ್ ಅನ್ನು ಫಲೀನಾ ಕುಲದಲ್ಲಿಟ್ಟಿದ್ದರಿಂದ '(ಲಿನೇಯಸ್, 1758)' ಎಂದೇ ಬರೆಯಬೇಕು. ಟ್ಯಾಪ್ರೊಬ್ಯಾನಿಸ್ ಅನ್ನು ಕೀಟತಜ್ಞ ಫ್ರೆಡರಿಕ್ ಮೂರ್ ಮೊದಲೇ ಅಟ್ಟಾಕಸ್‌ನಲ್ಲಿ ಇಟ್ಟಿದ್ದರಿಂದ ಅಲ್ಲಿ ಆವರಣ ಬೇಡ.

ಸಾಕಿ ಮಾರುವ ಗೂಡುಗಳಿಂದ ಎದ್ದ ಪತಂಗಗಳನ್ನು ಈ ಕೆಲಸಕ್ಕೆ ಬಳಸಬಾರದು. ಎಷ್ಟೋ ಸಲ ಮೂಲ ಊರಿನ ದಾಖಲೆ ಇರುವುದಿಲ್ಲ, ತಳಿಗಳು ಬೆರೆತಿರುವುದೂ ಉಂಟು. ಅಂಥವನ್ನು ಪ್ರದರ್ಶನಕ್ಕಿಡಿ, ಅಳತೆ ಕೋಷ್ಟಕದಲ್ಲಿ ಸೇರಿಸಬೇಡಿ.