ಉಪ್ಪಿನಕಾಯಿ ಭರಣಿಯೊಳಗಿನ ಅಂಟಾರ್ಕ್ಟಿಕಾ

ಆಷಾಢದ ಮಳೆ ಹಿಡಿದುಕೊಂಡರೆ ನಮ್ಮ ತೀರ್ಥಹಳ್ಳಿ ಕಡೆಯ ಮನೆಗಳಲ್ಲಿ ಬೂಷ್ಟು ಬರದ ವಸ್ತುವೇ ಇರುವುದಿಲ್ಲ. ಚಪ್ಪಲಿ, ಬೆಲ್ಟು, ಬೀರುವಿನೊಳಗಿನ ರೇಷ್ಮೆ ಸೀರೆ, ಗೋಡೆಯ ಫೋಟೋಗಳ ಹಿಂಬದಿ, ಮರದ ಸೌಟಿನ ಹಿಡಿ ಕೂಡ. ಒಂದು ವಾರ ಬಿಸಿಲು ಕಾಣದಿದ್ದರೆ ಸಾಕು, ಬಿಳಿ ಬಿಳಿ ಪುಡಿ ಕೂತಿರುತ್ತದೆ. ಆದರೆ ಅದೇ ಅಡುಗೆಮನೆಯ ಮೂಲೆಯಲ್ಲಿ, ಅದೇ ಗಾಳಿಯಲ್ಲಿ, ಮಾವಿನಮಿಡಿ ಉಪ್ಪಿನಕಾಯಿಯ ಭರಣಿ ಎರಡು ಮಳೆಗಾಲ ಕಳೆದರೂ ಕೆಡುವುದಿಲ್ಲ. ಅಮ್ಮನ ಎಚ್ಚರಿಕೆ ಒಂದೇ: "ಒದ್ದೆ ಸೌಟು ಹಾಕ್ಬೇಡ ಕಣೇ, ಬೂಷ್ಟು ಬರುತ್ತೆ."

ಎಷ್ಟೋ ವರ್ಷ ಇದನ್ನು ಸುಮ್ನೆ ಕೇಳಿಸಿಕೊಂಡಿದ್ದೆ. ಬೂಷ್ಟೂ ಒಂದು ಶಿಲೀಂಧ್ರವೇ. ಅಂಟಾರ್ಕ್ಟಿಕಾದ ಶಿಲೀಂಧ್ರಗಳ ಬಗ್ಗೆ ಓದಲು ಶುರುಮಾಡಿದ ಮೇಲೆ ಆ ಮಾತು ಬೇರೆಯೇ ರೀತಿಯಲ್ಲಿ ಕೇಳಿಸತೊಡಗಿತು.

ಮಿಡಿಗೆ ಉಪ್ಪು ಹಾಕುವುದನ್ನು ಹತ್ತಿರದಿಂದ ನೋಡಿದ್ದೀರಲ್ವಾ? ತೊಟ್ಟು ಮುರಿದ ಮಿಡಿ ಒಂದು ಪದರ, ಕಲ್ಲುಪ್ಪು ಒಂದು ಪದರ. ಹನಿ ನೀರು ಸೋಕಿಸುವುದಿಲ್ಲ. ಮೂರ್ನಾಲ್ಕು ದಿನಕ್ಕೆ ಮುಚ್ಚಳ ತೆಗೆದರೆ ಮಿಡಿಗಳು ಉಪ್ಪುನೀರಿನಲ್ಲಿ ಮುಳುಗಿವೆ. ಗಟ್ಟಿಯಾಗಿ, ನುಣ್ಣಗೆ ಇದ್ದ ಸಿಪ್ಪೆ ಅಜ್ಜಿಯ ಕೈಯಂತೆ ನೆರಿಗೆಗಟ್ಟಿದೆ. ಆ ನೀರಷ್ಟೂ ಮಿಡಿಯ ಒಳಗಿನಿಂದಲೇ ಬಂದದ್ದು. ಹೊರಗಿನ ಉಪ್ಪು ಅದನ್ನು ಎಳೆದುಕೊಂಡಿತು. ಅಲ್ಲಿ ಬಂದು ಬೀಳುವ ಬೂಷ್ಟಿನ ಬೀಜಕಣಕ್ಕೂ ಇದೇ ಗತಿ. ಸುತ್ತ ನೀರೋ ನೀರು, ಆದರೆ ಕುಡಿಯಲು ಸಿಗುವುದಿಲ್ಲ. ಹುಳಿ, ಸಾಸಿವೆ, ಮೆಣಸು ಎಲ್ಲವೂ ಕೈಜೋಡಿಸುತ್ತವೆ ನಿಜ, ಆದರೆ ದೊಡ್ಡ ಕಾವಲುಗಾರ ಉಪ್ಪೇ.

ವಿಜ್ಞಾನಿಗಳ ಬಳಿ ಇದಕ್ಕೊಂದು ಅಳತೆ ಇದೆ. ಒಂದು ವಸ್ತುವಿನಲ್ಲಿರುವ ನೀರು ಜೀವಿಗೆ ಎಷ್ಟರಮಟ್ಟಿಗೆ ಎಟುಕುತ್ತದೆ ಎಂದು ಅದು ಹೇಳುತ್ತದೆ. ಶುದ್ಧ ನೀರಿಗೆ 1. ಹೆಚ್ಚಿನ ಬ್ಯಾಕ್ಟೀರಿಯಾಗಳು 0.91ರ ಕೆಳಗೆ ಬೆಳೆಯಲಾರವು. ಸಾಮಾನ್ಯ ಬೂಷ್ಟುಗಳು 0.80ರ ಆಸುಪಾಸಿನಲ್ಲಿ ಸೋಲುತ್ತವೆ. ಇನ್ನು ಕರಗದು ಎನ್ನುವಷ್ಟು ಉಪ್ಪು ಸೇರಿದ ನೀರಿನದ್ದು 0.75. ಒದ್ದೆ ಸೌಟಿನಿಂದ ಇಳಿದ ಹನಿ ಭರಣಿಯ ಮೇಲ್ಭಾಗದಲ್ಲಿ ಉಪ್ಪನ್ನು ತೆಳು ಮಾಡುತ್ತದೆ, ಆ ಅಂಕಿ ಅಲ್ಲಿ ಮೇಲೇರುತ್ತದೆ, ಬೂಷ್ಟಿಗೆ ಅಷ್ಟು ಸಾಕು.

ಈಗ ನನ್ನನ್ನು ಬೆರಗಾಗಿಸಿದ ಸಂಗತಿ ಹೇಳುತ್ತೇನೆ. ಸೊನ್ನೆಗಿಂತ 30 ಡಿಗ್ರಿ ಕೆಳಗಿರುವ ಮಂಜುಗಡ್ಡೆಯ ಅಂಕಿಯೂ ಹೆಚ್ಚುಕಡಿಮೆ 0.75! ಎಟುಕುವ ನೀರಿನ ಲೆಕ್ಕದಲ್ಲಿ ಕಡು ಉಪ್ಪುನೀರೂ ಅಂಥ ಮಂಜುಗಡ್ಡೆಯೂ ಒಂದೇ. ಚಳಿಯಲ್ಲಿ ಜೀವಕೋಶ ಹೆಪ್ಪುಗಟ್ಟಿ ಒಡೆದು ಸಾಯುತ್ತದೆ ಎಂದೇ ನಾನು ಅಂದುಕೊಂಡಿದ್ದೆ. ಹಾಗೂ ಆಗುತ್ತದೆ. ಆದರೆ ನಿಧಾನವಾಗಿ ಚಳಿ ಏರುವಾಗ ಮೊದಲು ಮಂಜಾಗುವುದು ಕೋಶದ ಹೊರಗಿನ ನೀರು. ಮಂಜು ಶುದ್ಧ ನೀರನ್ನು ಮಾತ್ರ ಸೇರಿಸಿಕೊಳ್ಳುತ್ತದೆ, ಉಪ್ಪನ್ನು ಹೊರಗೇ ಬಿಡುತ್ತದೆ. ಉಳಿದ ಚೂರುಪಾರು ನೀರು ಉಪ್ಪುಪ್ಪಾಗುತ್ತಾ ಹೋಗಿ ಕೋಶದ ಒಳಗಿನ ನೀರನ್ನು ಎಳೆಯುತ್ತದೆ. ಕೋಶ ಮಿಡಿಯಂತೆಯೇ ಚಿರುಟಿಕೊಳ್ಳುತ್ತದೆ. ಮಂಜಿನ ನಡುವೆ ಜೀವಿ ಒಣಗುತ್ತದೆ.

ಇದಕ್ಕಿಂತ ಒಣಗಿದ ಜಾಗ ಬೇಕೆಂದರೆ ಅಂಟಾರ್ಕ್ಟಿಕಾದ ಮೆಕ್‌ಮರ್ಡೋ ಒಣಕಣಿವೆಗಳಿಗೆ ಹೋಗಬೇಕು. ನಮ್ಮ ಆಗುಂಬೆಗೆ ವರ್ಷಕ್ಕೆ 7000 ಮಿಲಿಮೀಟರಿಗೂ ಜಾಸ್ತಿ ಮಳೆ. ಅಲ್ಲಿ ಬೀಳುವ ಹಿಮವನ್ನೆಲ್ಲ ಕರಗಿಸಿ ಅಳೆದರೂ 100 ಮಿಲಿಮೀಟರ್ ಆಗುವುದಿಲ್ಲ. ಅದರಲ್ಲೂ ಹೆಚ್ಚಿನದು ನೀರಾಗುವ ಮೊದಲೇ ಗಾಳಿಗೆ ಆವಿಯಾಗಿಬಿಡುತ್ತದೆ. ಒಂದು ಕಾಲಕ್ಕೆ ಅಲ್ಲಿನ ಮಣ್ಣಿನಲ್ಲಿ ಜೀವವೇ ಇಲ್ಲ ಎಂದು ವಾದಿಸಿದವರಿದ್ದರು. ಮಂಗಳ ಗ್ರಹಕ್ಕೆ ವೈಕಿಂಗ್ ನೌಕೆ ಕಳಿಸುವ ತಯಾರಿ ನಡೆಯುತ್ತಿದ್ದ ದಿನಗಳವು. ಭೂಮಿಯ ಈ ಕಣಿವೆಯಲ್ಲೇ ಜೀವ ಇಲ್ಲವೆಂದಾದರೆ ಮಂಗಳದಲ್ಲಿ ಹುಡುಕುವುದೇಕೆ ಎಂಬ ಪ್ರಶ್ನೆ ಇತ್ತು.

ಆ ವಾದವನ್ನು ಒಪ್ಪದವರಲ್ಲಿ ಅಮೆರಿಕದ ಸೂಕ್ಷ್ಮಜೀವಿ ವಿಜ್ಞಾನಿ ವೋಲ್ಫ್ ವಿಶ್ನಿಯಾಕ್ ಒಬ್ಬರು. ಮಂಗಳದ ಮಣ್ಣಿನಲ್ಲಿ ಜೀವವನ್ನು ಪತ್ತೆಹಚ್ಚಲು ಅವರು ರೂಪಿಸಿದ್ದ ಉಪಕರಣವನ್ನು ವೈಕಿಂಗ್‌ನಿಂದ ಕೈಬಿಡಲಾಯಿತು. ಆದರೂ ಅವರು ಒಣಕಣಿವೆಗೆ ಹೋಗಿ ಮಣ್ಣಿನೊಳಗೆ ಜೀವ ಹುಡುಕುವ ಕೆಲಸ ಬಿಡಲಿಲ್ಲ. 1973ರ ಡಿಸೆಂಬರಿನಲ್ಲಿ, ಅದೇ ಕೆಲಸದಲ್ಲಿದ್ದಾಗ, ಅಲ್ಲಿನ ಬೆಟ್ಟದ ಇಳಿಜಾರಿನಲ್ಲಿ ಜಾರಿ ಬಿದ್ದು ತೀರಿಕೊಂಡರು. ಅವರು ಆರಿಸಿಟ್ಟಿದ್ದ ಕಲ್ಲುಗಳನ್ನು ಪತ್ನಿ ಹೆಲೆನ್ ಅವರು ಇಮ್ರೆ ಫ್ರೀಡ್‌ಮನ್ ಎಂಬ ವಿಜ್ಞಾನಿಗೆ ಕಳಿಸಿದರು. ಫ್ರೀಡ್‌ಮನ್ ಮೊದಲೇ ಇಸ್ರೇಲಿನ ಮರುಭೂಮಿಯ ಕಲ್ಲುಗಳ ಒಳಗೆ ಜೀವಿಗಳನ್ನು ಕಂಡಿದ್ದವರು. ಅಂಟಾರ್ಕ್ಟಿಕಾದ ಈ ಕಲ್ಲುಗಳಲ್ಲೂ ಜೀವ ಸಿಕ್ಕಿತು. 1976ರಲ್ಲಿ ಅದು ಜಗತ್ತಿಗೆ ಗೊತ್ತಾಯಿತು. ಅದೇ ವರ್ಷ ವೈಕಿಂಗ್ ಮಂಗಳದಲ್ಲಿ ಇಳಿಯಿತು.

ಹೆಲೆನ್ ಕೂಡ ಸೂಕ್ಷ್ಮಜೀವಿ ವಿಜ್ಞಾನಿಯೇ. ಒಣಕಣಿವೆಯ ಮಣ್ಣಿನಲ್ಲೇ ಹುಟ್ಟಿ ಬೆಳೆಯುವ ಒಂದು ಯೀಸ್ಟನ್ನು 1979ರಲ್ಲಿ ಅವರು ಸಹೋದ್ಯೋಗಿಯೊಡನೆ ವಿವರಿಸಿದರು. ಯೀಸ್ಟ್ ಅಂದರೆ ಶಿಲೀಂಧ್ರವೇ, ನಮ್ಮ ಬೂಷ್ಟಿನ ನೆಂಟ. ಅದಕ್ಕೆ ಕ್ರಿಪ್ಟೋಕಾಕಸ್ ವಿಶ್ನಿಯಾಕಿ ಎಂದು ಗಂಡನ ಹೆಸರಿಟ್ಟರು. ಇದನ್ನು ಮೊದಲ ಸಲ ಓದಿದಾಗ ಪುಸ್ತಕ ಮಡಚಿಟ್ಟು ಸ್ವಲ್ಪ ಹೊತ್ತು ಕೂತಿದ್ದೆ.

ಫ್ರೀಡ್‌ಮನ್ ಜೀವ ಕಂಡ ಆ ಮರಳುಗಲ್ಲು ಹೊರಗಿನಿಂದ ಸಾದಾ ಕಂದು ಕಲ್ಲು. ಸುತ್ತಿಗೆಯಲ್ಲಿ ಒಡೆದರೆ ಮಾತ್ರ ಗುಟ್ಟು ಕಾಣುತ್ತದೆ. ಮೇಲಿನ ತೆಳು ಹೊಟ್ಟಿನ ಕೆಳಗೆ ಒಂದು ಕಪ್ಪು ಗೆರೆ, ಅದರ ಕೆಳಗೆ ಬಿಳಿ, ಅದಕ್ಕೂ ಕೆಳಗೆ ಹಸಿರು. ಎಲ್ಲ ಸೇರಿ ಹೆಚ್ಚೆಂದರೆ ಬೆರಳಗಲ. ಹಸಿರು ಪಾಚಿಯದು. ಕಪ್ಪು ಮತ್ತು ಬಿಳಿ ಪದರದಲ್ಲಿ ಮರಳಿನ ಹರಳುಗಳ ಸಂದಿಯಲ್ಲಿ ಶಿಲೀಂಧ್ರದ ಎಳೆಗಳು ಹೆಣೆದುಕೊಂಡಿವೆ. ಬಿಸಿಲಿಗೆ ಕಲ್ಲು ಸುತ್ತಲಿನ ಗಾಳಿಗಿಂತ ಹೆಚ್ಚು ಬಿಸಿಯಾಗುತ್ತದೆ. ಮೇಲೆ ಬಿದ್ದ ಹಿಮ ಕರಗಿ ಒಳಗೆ ಇಂಗುತ್ತದೆ. ಈ ಜೀವಿಗಳಿಗೆ ಹೀಗೆ ಉಸಿರಾಡಿ ಉಣ್ಣಲು ಸಿಗುವುದು ವರ್ಷದ 8760 ಗಂಟೆಗಳಲ್ಲಿ ಸುಮಾರು 1000 ಗಂಟೆ, ಅಷ್ಟೇ. ಉಳಿದ ಕಾಲವೆಲ್ಲ ಒಣಗಿ ಕಾಯುವುದು.

ಕಾಯುವುದಕ್ಕೆ ಅವು ಮಾಡಿಕೊಂಡ ತಯಾರಿ ನಮ್ಮ ಅಡುಗೆಮನೆಗೆ ತುಂಬಾ ಹತ್ತಿರದ್ದು. ಮಾಗಿ ಚಳಿಯಲ್ಲಿ ಕೊಬ್ಬರಿ ಎಣ್ಣೆ ಬಾಟಲಿಯಲ್ಲೇ ಗಟ್ಟಿಯಾಗುತ್ತದೆ, ಪಕ್ಕದ ಶೇಂಗಾ ಎಣ್ಣೆ ಹರಿಯುತ್ತಲೇ ಇರುತ್ತದೆ. ಕೋಶದ ಪೊರೆಯೂ ಕೊಬ್ಬಿನದೇ. ಚಳಿಯ ಶಿಲೀಂಧ್ರಗಳು ಪೊರೆಯಲ್ಲಿ ಶೇಂಗಾ ಎಣ್ಣೆಯ ಜಾತಿಯ ಕೊಬ್ಬನ್ನು ಜಾಸ್ತಿ ಇಟ್ಟುಕೊಳ್ಳುತ್ತವೆ, ಹಾಗಾಗಿ ಪೊರೆ ಬಿಗಿಯುವುದಿಲ್ಲ. ಗ್ಲಿಸರಾಲ್ ಮತ್ತು ಟ್ರೆಹಲೋಸ್ ಎಂಬ ಸಕ್ಕರೆಯನ್ನು ಒಳಗೆ ತುಂಬಿಕೊಳ್ಳುತ್ತವೆ. ಹೊರಗಿನ ಉಪ್ಪು ನೀರನ್ನು ಎಳೆಯುವಾಗ ಇವು ಒಳಗಿನಿಂದ ಹಿಡಿದುಕೊಳ್ಳುತ್ತವೆ. ಪೂರ್ತಿ ಒಣಗಿದರೂ ಟ್ರೆಹಲೋಸ್ ಕೋಶದ ಸಾಮಾನುಗಳನ್ನು ಮುರಿಯದಂತೆ ಕಾಪಾಡುತ್ತದೆ. ಅಂಗಡಿಯಿಂದ ತಂದ ಒಣ ಯೀಸ್ಟ್ ಉಗುರುಬೆಚ್ಚಗಿನ ನೀರಿಗೆ ಬಿದ್ದ ಸ್ವಲ್ಪ ಹೊತ್ತಿಗೆ ನೊರೆಯೇಳುವುದರ ಹಿಂದೆಯೂ ಇದೇ ಟ್ರೆಹಲೋಸ್ ಇದೆ.

ಕಪ್ಪು ಗೆರೆಯ ಕಪ್ಪು ಮೆಲನಿನ್, ನಮ್ಮ ಕೂದಲಿಗೆ ಬಣ್ಣ ಕೊಡುವ ಬಳಗದ್ದೇ. ಅತಿನೇರಳೆ ಕಿರಣಕ್ಕೆ ಅದು ಕೊಡೆ. ಕ್ರಯೋಮೈಸಿಸ್ ಅಂಟಾರ್ಕ್ಟಿಕಸ್ ಎಂಬ ಕಪ್ಪು ಶಿಲೀಂಧ್ರವನ್ನು 2008ರಲ್ಲಿ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣದ ಹೊರಮೈಗೆ ಕಟ್ಟಿ ಒಂದೂವರೆ ವರ್ಷ ಬಿಟ್ಟಿದ್ದರು. ವಾಪಸ್ ತಂದಾಗ ಅದರ ಒಂದಷ್ಟು ಕೋಶಗಳು ಮತ್ತೆ ಬೆಳೆದವು.

ಚಳಿ ಇದ್ದಲ್ಲಿ ಏನೂ ಕೊಳೆಯುವುದಿಲ್ಲ ಎಂಬ ನಂಬಿಕೆಯೂ ತಪ್ಪು. ದಕ್ಷಿಣ ಧ್ರುವಕ್ಕೆ ಹೊರಟ ಸ್ಕಾಟ್ ತಂಡ 1911ರಲ್ಲಿ ಕೇಪ್ ಇವಾನ್ಸ್‌ನಲ್ಲಿ ಕಟ್ಟಿದ ಮರದ ಮನೆ ಇವತ್ತಿಗೂ ನಿಂತಿದೆ. ಆದರೆ ನೆಲಕ್ಕೆ ತಾಗಿದ ಹಲಗೆಗಳನ್ನು ಕ್ಯಾಡೊಫೊರಾ ಎಂಬ ಶಿಲೀಂಧ್ರ ತಿನ್ನುತ್ತಿದೆ. ಬೇಸಿಗೆಯ ಕೆಲವು ವಾರ ನೆಲದ ಹತ್ತಿರ ಕರಗುವ ನೀರೇ ಅದಕ್ಕೆ ಸಾಕು. ನಮ್ಮ ಹಳೇ ಮನೆಗಳಲ್ಲಿ ಮರದ ಕಂಬವನ್ನು ಮಣ್ಣಿಗೆ ತಾಗಿಸದೆ ಕಲ್ಲಿನ ಮೇಲೆ ನಿಲ್ಲಿಸುತ್ತಿದ್ದರಲ್ಲ, ಆ ಕುಶಲಕರ್ಮಿಗಳಿಗೆ ಈ ಶತ್ರುವಿನ ಬಳಗ ಚೆನ್ನಾಗಿ ಗೊತ್ತಿತ್ತು. (ಅಡಿಕೆಯ ಕೊಳೆರೋಗ ಮಾತ್ರ ಈ ಬಳಗದ್ದಲ್ಲ. ಅದು ಶಿಲೀಂಧ್ರದ ವೇಷದಲ್ಲಿರುವ, ಕಂದು ಪಾಚಿಗೆ ಹತ್ತಿರದ ಬೇರೆಯೇ ಜೀವಿ.)

ಅಂಟಾರ್ಕ್ಟಿಕಾ ಖಂಡದಲ್ಲಿ ಹೂಬಿಡುವ ಗಿಡಗಳು ಎರಡೇ ಜಾತಿ. ಕಲ್ಲುಹೂವುಗಳೋ ಸುಮಾರು 400 ಬಗೆ. ಹೌದು, ನಾವು ಮಸಾಲೆಗೆ ಹುರಿದು ಹಾಕುವ ಕಲ್ಲುಹೂವಿನ ನೆಂಟರೇ. ಶಿಲೀಂಧ್ರ ಮನೆ ಕಟ್ಟುತ್ತದೆ, ಪಾಚಿ ಬಿಸಿಲಿನಲ್ಲಿ ಅಡುಗೆ ಮಾಡುತ್ತದೆ, ಇಬ್ಬರೂ ಹಂಚಿಕೊಂಡು ಉಣ್ಣುತ್ತಾರೆ. ನಮ್ಮ ದೇಶದ ಮೈತ್ರಿ ಕೇಂದ್ರ ಇರುವ ಶಿರ್ಮಾಕರ್ ಬಂಡೆಗಳ ಮೇಲೂ ಅವು ಬೆಳೆಯುತ್ತವೆ. ಅಲ್ಲಿನ ಕೆಲವು ಜಾತಿಗಳು ಸೊನ್ನೆಗಿಂತ 10 ಡಿಗ್ರಿ ಕೆಳಗಿದ್ದರೂ ಆಹಾರ ತಯಾರಿಸಬಲ್ಲವು.

ಹೋದ ಮಾರ್ಚಿನಲ್ಲಿ ಅಂಗಳದ ಮಾವಿನಮರದ ಹತ್ತಿರ ಒಂದು ಚೊಂಬು ನೀರು ಹಿಡಿದು ನಿಂತೆ. ಕಾಂಡದ ಮೇಲೆ ರೂಪಾಯಿ ನಾಣ್ಯದಷ್ಟಗಲದ ಕಲ್ಲುಹೂವು ಬೂದಿಬಣ್ಣಕ್ಕೆ ತಿರುಗಿ ಹಪ್ಪಳದಂತೆ ಒಣಗಿತ್ತು. ಅಂಚು ಮುಟ್ಟಿದರೆ ಪುಡಿಯಾಗುವಂತಿತ್ತು. ಬೆರಳ ತುದಿಯಿಂದ ಎರಡು ಹನಿ ಬಿಟ್ಟೆ. ಮೊದಲು ನೀರು ಹಾಗೇ ನಿಂತಿತು. ಆಮೇಲೆ ಒಳಗಿಳಿಯಿತು. ನೋಡುತ್ತಿದ್ದಂತೆ ಮೇಲಿನ ಶಿಲೀಂಧ್ರದ ಪದರ ಪಾರದರ್ಶಕವಾಗಿ, ಒಳಗಿನ ಪಾಚಿಯ ಹಸಿರು ಮೇಲೆದ್ದು ಬಂತು. ಅಂಚುಗಳು ಮೆತ್ತಗಾದವು. ಅಮ್ಮನನ್ನು ಕೂಗಿ ಕರೆದೆ. ಸೆರಗಿಗೆ ಕೈ ಒರೆಸಿಕೊಳ್ಳುತ್ತಾ ಬಂದು ಬಗ್ಗಿ ನೋಡಿ, "ಇನ್ನೂ ಎರಡು ಹನಿ ಹಾಕೇ" ಅಂದರು. ಹಾಕಿದೆ. ಮಧ್ಯಾಹ್ನ ಊಟ ಮುಗಿಸಿ ಬಂದು ನೋಡುವಷ್ಟರಲ್ಲಿ ಅದು ಮತ್ತೆ ಬೂದಿಬಣ್ಣಕ್ಕೆ ತಿರುಗಿತ್ತು.