ಎತ್ತರಕ್ಕೆ ಏರಿದರೂ ದಿಗಂತ ಕಣ್ಣಿನ ಮಟ್ಟದಲ್ಲೇ ಇರುತ್ತದೆಯೇ?

ಪ್ರಶ್ನೆ: ಮಡಿಕೇರಿಯ ರಾಜಾಸೀಟಿನಲ್ಲಿ ನಿಂತರೆ ಕಾಣುವ ದಿಗಂತ ಬೆಟ್ಟದ ಸಾಲು. ಅದು ಏರಿಳಿಯುತ್ತದೆ. ಹಾಗಿದ್ದರೆ ಪಠ್ಯಪುಸ್ತಕದಲ್ಲಿ ಮಟ್ಟಸವಾದ ಗೆರೆಯನ್ನು ‘ಕ್ಷಿತಿಜೀಯ’ ಎನ್ನುವುದೇಕೆ?

ಉತ್ತರ: ಮಳೆಗಾಲ ಮುಗಿದು ಬೆಟ್ಟಗಳು ತಿಳಿಯಾದಂತೆ ಪ್ರತಿ ವರ್ಷವೂ ಈ ಪ್ರಶ್ನೆ ಬರುತ್ತದೆ. ಮತ್ತೊಮ್ಮೆ ಹೇಳುತ್ತೇನೆ, ಈ ಸಲ ಪೂರ್ತಿಯಾಗಿ.

ಕಣ್ಣಿಗೆ ಕಾಣುವ ಎಲ್ಲೆ ಎಂಬ ಅರ್ಥದಲ್ಲಿ ಬೆಟ್ಟದಂಚನ್ನು ದಿಗಂತ ಎನ್ನುವುದು ತಪ್ಪಲ್ಲ. ವಿಜ್ಞಾನದ ಕ್ಷಿತಿಜಕ್ಕೆ ಬೆಟ್ಟದ ಹಂಗಿಲ್ಲ. ನೀವು ನಿಂತಲ್ಲಿ ತೂಗುಗುಂಡು ಇಳಿಬಿಡಿ. ಅದರ ದಾರಕ್ಕೆ ಲಂಬವಾದ ಸಮತಲವನ್ನು ಸುತ್ತಲೂ ಚಾಚಿದರೆ ಅದು ಆಕಾಶವನ್ನು ಮುಟ್ಟುವ ವೃತ್ತವೇ ಖಗೋಳದ ಕ್ಷಿತಿಜ. ‘ಕ್ಷಿತಿಜೀಯ’ ಎನ್ನುವುದು ಆ ಸಮತಲವನ್ನು ಕುರಿತು. ಪ್ರಶ್ನೆಗೆ ಉತ್ತರ ಇಷ್ಟೇ.

ಆದರೆ ಈ ಪ್ರಶ್ನೆಯ ಬೆನ್ನಿಗೇ ಒಂದು ಹಟಮಾರಿ ನಂಬಿಕೆ ಬರುತ್ತದೆ: ಎಷ್ಟೇ ಎತ್ತರಕ್ಕೆ ಹತ್ತಿದರೂ ದಿಗಂತ ಕಣ್ಣಿನ ಮಟ್ಟಕ್ಕೇ ಏರಿ ಬರುತ್ತದೆ ಎಂಬುದು. ಮೊಬೈಲಿನಲ್ಲಿ ಹರಿದಾಡುವ ವಿಡಿಯೊಗಳು ಇದನ್ನೇ ಸಾಕ್ಷಿ ಮಾಡಿಕೊಂಡು ಭೂಮಿ ಚಪ್ಪಟೆ ಎನ್ನುತ್ತವೆ. ಓದಿದವರೂ ತಲೆದೂಗುತ್ತಾರೆ. ಇದು ಶುದ್ಧ ಸುಳ್ಳು.

ಕಣ್ಣೂರಿನ ಪಯ್ಯಾಂಬಲಂ ಕಡಲತೀರದಲ್ಲಿ ನಿಂತವರಿಗೆ ನೀರಿನ ಅಂಚು ಇರುವುದು ಐದು ಕಿಲೋಮೀಟರಿನೊಳಗೆ. ಅದು ಕಣ್ಣಿನ ಮಟ್ಟಕ್ಕಿಂತ ಕೆಳಗಿರುವುದು ಡಿಗ್ರಿಯ ಇಪ್ಪತ್ತೈದನೇ ಒಂದು ಪಾಲಿನಷ್ಟು ಮಾತ್ರ. ಬರಿಗಣ್ಣಿಗೆ ಅದು ಗೊತ್ತಾಗುವುದಿಲ್ಲ, ನಂಬಿಕೆ ಹುಟ್ಟಿರುವುದೂ ಅಲ್ಲಿಂದಲೇ. ಈಗ 1,748 ಮೀಟರ್ ಎತ್ತರದ ತಡಿಯಂಡಮೋಳ್ ಹತ್ತಿ. ಪಶ್ಚಿಮದ ಕರಾವಳಿ ಅಲ್ಲಿಂದ ಸುಮಾರು 50 ಕಿ.ಮೀ. ದಿಗಂತವಾದರೋ ಅದನ್ನೂ ದಾಟಿ 150 ಕಿ.ಮೀ.ಗೂ ಆಚೆ, ಸಮುದ್ರದ ನಡುವೆ. ಅದನ್ನು ನೋಡಬೇಕಾದರೆ ದೃಷ್ಟಿಯನ್ನು ಮಟ್ಟದಿಂದ ಸುಮಾರು 1.2 ಡಿಗ್ರಿ ಕೆಳಗಿಳಿಸಬೇಕು. ಹುಣ್ಣಿಮೆಯ ಚಂದ್ರನ ಅಗಲ ಅರ್ಧ ಡಿಗ್ರಿ. ಅಂದರೆ ಎರಡು ಚಂದ್ರರನ್ನು ಒಂದರ ಮೇಲೊಂದು ಇಟ್ಟರೂ ಈ ಇಳಿತ ತುಂಬದು.

ನನ್ನ ಮಾತು ನಂಬಬೇಡಿ, ತಡಿಯಂಡಮೋಳ್ ತುದಿಯಲ್ಲಿ ಅಳೆದೇ ನೋಡಿ. ಪಾಯದ ಮಟ್ಟ ನೋಡಲು ಮೇಸ್ತ್ರಿಗಳು ಬಳಸುವ ಪಾರದರ್ಶಕ ಪೈಪು ಸಾಕು. ಗುಳ್ಳೆ ಉಳಿಯದಂತೆ ನೀರು ತುಂಬಿ, ಎರಡು ತುದಿಗಳನ್ನು ಒಂದು ಮೀಟರ್ ಅಂತರದ ಕೋಲುಗಳಿಗೆ ಕಟ್ಟಿ. ಹತ್ತಿರದ ತುದಿಗೆ ಕಣ್ಣಿಟ್ಟು ಎರಡೂ ನೀರಿನ ಅಂಚು ಒಂದೇ ಗೆರೆಯಲ್ಲಿ ಕಾಣುವಂತೆ ನೋಡಿ. ಸಮುದ್ರದ ಗೆರೆ ದೂರದ ತುದಿಯ ನೀರಿಗಿಂತ ಎರಡು ಸೆಂಟಿಮೀಟರಿನಷ್ಟು ಕೆಳಗೆ ಕಾಣುತ್ತದೆ. ಬಹಳಷ್ಟು ದಿನ ಕಡಲ ಮೇಲಿನ ಮಬ್ಬು ಆ ಗೆರೆಯನ್ನೇ ನುಂಗಿರುತ್ತದೆ. ಆದ್ದರಿಂದ ಮಳೆ ತೊಳೆದು ಬಿಟ್ಟ ದಿನ ಹೋಗಿ. ಹನ್ನೊಂದನೇ ಶತಮಾನದಲ್ಲಿ ವಿದ್ವಾಂಸ ಅಲ್‌ಬಿರೂನಿ ಈಗ ಪಾಕಿಸ್ತಾನದಲ್ಲಿರುವ ಪಂಜಾಬಿನ ನಂದನಾ ಕೋಟೆಯ ಬಳಿಯ ಬೆಟ್ಟದಿಂದ ಇದೇ ಇಳಿತವನ್ನು ಅಳೆದು ಭೂಮಿಯ ತ್ರಿಜ್ಯವನ್ನು ಲೆಕ್ಕ ಹಾಕಿದ. ಅವನು ಅಳೆದದ್ದನ್ನು ಇಂದು ನಾವು ಇಲ್ಲವೆನ್ನುವುದು ನನಗೆ ನಿಜಕ್ಕೂ ಬೇಸರದ ಸಂಗತಿ.

ಸೂರ್ಯಾಸ್ತದ ವೇಳೆಯ ಗೊಂದಲಕ್ಕೂ ಕಾರಣ ಇದೇ. ಭಾಗಮಂಡಲದಲ್ಲಿ ಪಡುವಣ ಬೆಟ್ಟ ಅಡ್ಡ ನಿಂತು ಸೂರ್ಯ ಬೇಗ ಮರೆಯಾಗುತ್ತಾನೆ. ತಡಿಯಂಡಮೋಳ್ ತುದಿಯಲ್ಲಿ ದಿಗಂತ ಇಳಿದಿರುವುದರಿಂದ, ಸಮುದ್ರಮಟ್ಟದಲ್ಲಿ ಕಾಣುವುದಕ್ಕಿಂತ ಸುಮಾರು ಐದು ನಿಮಿಷ ಹೆಚ್ಚು ಹೊತ್ತು ಕಾಣುತ್ತಾನೆ. ಪತ್ರಿಕೆಯಲ್ಲಿ ಅಚ್ಚಾಗುವ ವೇಳೆ ಎರಡಕ್ಕೂ ಹೊಂದದು. ಅದು ಸಮುದ್ರಮಟ್ಟದಲ್ಲಿ ಯಾವ ಅಡ್ಡಿಯೂ ಇಲ್ಲದ ದಿಗಂತಕ್ಕೆ, ಗಾಳಿಯಲ್ಲಿ ಬೆಳಕು ಬಾಗುವುದನ್ನೂ ಸೇರಿಸಿ ಹಾಕಿದ ಲೆಕ್ಕ.