ಹಲಗಿಯ ಕೈ ನೋಡಿ ಲಯ ಹಿಡಿಯುವುದು

ಹಳೇ ಫಿಲ್ಮ್‌ಗೆ ಸಂಗೀತ ಮಾಡುವಾಗ ನಾನು ಹಾರ್ಮೋನಿಯಂ ಮುಟ್ಟುವುದು ತೀರಾ ಕೊನೆಗೆ. ಮೊದಲು ಫ್ರೇಮ್, ಅಂದರೆ ಫಿಲ್ಮ್‌ನ ಒಂದೊಂದು ಚಿತ್ರ, ಎಣಿಸುತ್ತೇನೆ. ಇದನ್ನು ಕಲಿಸಿದ್ದು ಬಾಗಲಕೋಟೆಯ ಒಂದು ಹೋಳಿ.

ಮನೆಯೊಂದರ ಟ್ರಂಕಿನಲ್ಲಿ ಸಿಕ್ಕ 16 ಎಂಎಂ ರೀಲು ಅದು. ಧ್ವನಿ ಇಲ್ಲ. ಹಳೇ ಊರಿನ ಓಣಿ, ಬಣ್ಣದ ಬಂಡಿ, ಮುಂದೆ ಹಲಗಿ ಮೇಳ. ಆ ಓಣಿ ಈಗ ಆಲಮಟ್ಟಿ ಹಿನ್ನೀರಿನ ಪಾಲು. ಅಲ್ಲಿನ ಜನ ಈಗ ಹೊಸದಾಗಿ ಕಟ್ಟಿದ ನವನಗರದಲ್ಲಿದ್ದಾರೆ. ಮನೆಯವರು ಯಾವುದೋ ಅಂಗಡಿಯಲ್ಲಿ ಡಿವಿಡಿ ಮಾಡಿಸಿದ್ದರು. ಅದನ್ನೇ ನೋಡಿ ಜೋರು ಲಯದ ಟ್ಯೂನ್ ಕಟ್ಟಿದೆ. ಹಲಗಿ ಬಾರಿಸುವ ಹಿರಿಯರೊಬ್ಬರು ಅದನ್ನು ಅರ್ಧಕ್ಕೇ ನಿಲ್ಲಿಸಿದರು. ‘ಇಷ್ಟ್ ಅವಸರ ಯಾಕ? ನಾವು ಹಿಂಗ ಬಾರಸ್ತಿರಲಿಲ್ಲ.’

ಅವರ ಮಾತೇ ಸರಿ. ಧ್ವನಿಯಿಲ್ಲದ ಇಂಥ ರೀಲುಗಳನ್ನು ಸಾಮಾನ್ಯವಾಗಿ ಸೆಕೆಂಡಿಗೆ 16 ಅಥವಾ 18 ಫ್ರೇಮ್‌ನಂತೆ ತೆಗೆಯುತ್ತಿದ್ದರು. ಅಂಗಡಿಯಲ್ಲಿ 24ರಂತೆ ಓಡಿಸಿದ್ದರು. 100 ಅಡಿ ರೀಲಿನಲ್ಲಿ 4,000 ಫ್ರೇಮ್. 16ರಲ್ಲಿ ಓಡಿಸಿದರೆ 4 ನಿಮಿಷ 10 ಸೆಕೆಂಡ್, 24ರಲ್ಲಿ 2 ನಿಮಿಷ 47 ಸೆಕೆಂಡಿಗೇ ಖಾಲಿ. ಹಲಗಿಯ ಮೇಲೆ ಕೈ ಬಿದ್ದು ಮತ್ತೆ ಬೀಳುವವರೆಗೆ ಎಣಿಸಿದೆ: 8 ಫ್ರೇಮ್. ಅಂದರೆ 16ರ ಲೆಕ್ಕದಲ್ಲಿ ನಿಮಿಷಕ್ಕೆ 120 ಪೆಟ್ಟು. ನಾನು 180ರಲ್ಲಿ ಕಟ್ಟಿದ್ದೆ! ವೇಗ ಇಳಿಸಿದ ಮೇಲೆ ಜನರ ನಡಿಗೆಯೂ ನಡಿಗೆಯ ಹಾಗೆ ಕಂಡಿತು.

ರೀಲಿನ ಡಬ್ಬಿ ತೆಗೆದಾಗ ವಿನೆಗರ್‌ನಂಥ ಹುಳಿ ವಾಸನೆ ಬಂತಾ? ಅದು ಅಸಿಟೇಟ್ ಫಿಲ್ಮ್ ಕೆಡುತ್ತಿರುವ ಗುರುತು. ಸೆಕೆಯೂ ತೇವವೂ ಅದಕ್ಕೆ ವೈರಿ. ನಮ್ಮ ಕಡೆ ಬೇಸಿಗೆ 40 ಡಿಗ್ರಿ ದಾಟುತ್ತದೆ, ಅಟ್ಟದ ಮೇಲೆ ಇನ್ನೂ ಜಾಸ್ತಿ. ವಾಸನೆ ಬಂದ ರೀಲನ್ನು ಬೇರೆಯವುಗಳ ಜೊತೆ ಇಡಬೇಡಿ, ಅವೂ ಕೆಡುತ್ತವೆ. ಕೆಟ್ಟ ಫಿಲ್ಮ್ ಕುಗ್ಗಿರುತ್ತದೆ. ಸುಮ್ನೆ ನೋಡೋಣ ಅಂತ ಪ್ರೊಜೆಕ್ಟರ್‌ಗೆ ಹಾಕಿದರೆ ಅಂಚಿನ ತೂತುಗಳು ಹರಿದೇ ಹೋಗುತ್ತವೆ. ಒಂದೊಂದೇ ಫ್ರೇಮ್ ಸ್ಕ್ಯಾನ್ ಮಾಡಿಸಿ. ಸ್ಕ್ಯಾನ್ ಆಯಿತೆಂದು ಮೂಲ ರೀಲು ಎಸೆಯಬೇಡಿ.

ಹೊಸದಾಗಿ ಹಲಗಿ ರೆಕಾರ್ಡ್ ಮಾಡಿದೆವು. ಬೆಂಕಿಗೆ ಹಿಡಿದು ಕಾಯಿಸಿದ ಹಲಗಿ, ಅದೇ ಹಿರಿಯರ ಕೈ. ಆದರೆ ಪರದೆಯ ಕೈಗೆ ಪೆಟ್ಟಿಗೆ ಪೆಟ್ಟು ಕೂರಿಸಲಿಲ್ಲ. ಹಾಗೆ ಮಾಡಿದರೆ ಅದು ಅಂದಿನದೇ ಧ್ವನಿ ಅಂತ ಜನ ನಂಬುತ್ತಾರೆ, ಅಲ್ವಾ? ಸಂಗೀತ ಬೇರೆ ಫೈಲ್‌ನಲ್ಲಿದೆ, ಮೂಕ ಪ್ರತಿ ಹಾಗೇ ಇದೆ.

ಕೊನೆಯ 20 ಸೆಕೆಂಡ್ ಬರೀ ಓಣಿ, ಮನೆ ಬಾಗಿಲುಗಳು. ಅಲ್ಲಿ ಏನೂ ಬಾರಿಸಲಿಲ್ಲ. ನವನಗರದಲ್ಲಿ ತೋರಿಸಿದಾಗ ಜನ ಸರಿಯಾಗಿ ಅಲ್ಲೇ ಮಾತಾಡಲು ಶುರು ಮಾಡಿದರು. ಇದು ಯಾರ ಮನಿ, ಆ ಕಟ್ಟಿ ಯಾರದು, ಆ ಬಾಗಿಲದಾಗ ನಿಂತಾಕಿ ಯಾರು.